‘ಪೆಪ್ಸಿನ್’ ಶಬ್ದದ ಅರ್ಥವೂ ಪ್ರಯೋಗವೂ

ಜೀವರಸಾಯನಶಾಸ್ತ್ರದ ಪಾರಿಭಾಷಿಕ ಶಬ್ದಗಳಲ್ಲಿ ‘ಪೆಪ್ಸಿನ್’ ಎಂಬುದು ಪ್ರಾಚೀನವಾದವುಗಳಲ್ಲೊಂದು. ಜಠರದಲ್ಲಿ ಆಹಾರದ ಸಸಾರಜನಕಾಂಶವನ್ನು ಅರಗಿಸುವ ಕಿಣ್ವಕ್ಕೆ ಈ ಹೆಸರು ಸಲ್ಲುತ್ತದೆ. ಕನ್ನಡದಲ್ಲಿ ಈ ಪದಾರ್ಥವನ್ನು ಹೇಳಬೇಕಾದಾಗ ಮೂರು ಮಾರ್ಗಗಳು ತೋರುವುವು. ಶಬ್ದವನ್ನು ಇದ್ದಂತೆಯೇ ಕನ್ನಡ ಲಿಪಿಯಲ್ಲಿ ಬರೆಯುವುದು ಒಂದು; ‘ಸಸಾರಜನಕಪಾಚಕ’ ಮುಂತಾದ ಸಂಸ್ಕೃತಪದಗಳಿಂದ ಅದನ್ನು ಪರಿವರ್ತಿಸುವುದು ಎರಡನೆಯದು; ಆಯುರ್ವೇದದ ಜಾಠರಾಗ್ನಿ ಅಥವಾ ಪಾಚಕಪಿತ್ತವೇ ಇದೆಂದು ಸಮೀಕರಿಸಿಬಿಡುವುದು ಮೂರನೆಯದು. ಈ ಮೂರರಲ್ಲಿ ಕಡೆಯದು ಓದುವವರಿಗೆ ಅತ್ಯಂತ ಪ್ರಿಯವಾಗಿ ತೋರುವುದು. ಆದುದರಿಂದಲೇ ಅದು ಅತ್ಯಂತ ಎಚ್ಚರಿಕೆಯಿಂದ ಪರೀಕ್ಷಿಸಬೇಕಾದುದೂ ಆಗಿದೆ.

೧. ಶಬ್ದದ ಹುಟ್ಟು

ಆಹಾರವು ಹೊಟ್ಟೆಯಲ್ಲಿ ಅರೆಯಲ್ಪಡುವುದೋ, ಬೇಯುವುದೋ, ಕೊಳೆಯುವುದೋ ಎಂಬ ವಿವಾದವು ಯೂರೋಪಿನಲ್ಲಿ ಬಹುಕಾಲ ನಡೆಯಿತು. ೧೭೫೨ರಲ್ಲಿ ರೆಯೋಮ್ಯೂರನು ಲೋಹದ ನಳಿಗೆಗಳಲ್ಲಿ ಮಾಂಸವನ್ನಿಟ್ಟು ಹದ್ದಿಗೆ ನುಂಗಿಸಿ, ಅರೆಯುವಿಕೆಗೆ ಎಡೆಯೇ ಇಲ್ಲದಿದ್ದರೂ ಮಾಂಸವು ಕರಗುವುದನ್ನು ತೋರಿಸಿದನು. ಜಠರರಸವು ದೇಹದ ಹೊರಗೂ ಮಾಂಸವನ್ನು ಕರಗಿಸಬಲ್ಲುದೆಂದು ಸ್ಪಲ್ಲಂಜಾನಿಯು ಕಂಡುಕೊಂಡನು. ಗುಂಡೇಟಿನಿಂದ ಹೊಟ್ಟೆಯಲ್ಲಿ ರಂಧ್ರವುಳಿದಿದ್ದ ಅಲೆಕ್ಸಿಸ್ ಸೇಂಟ್ ಮಾರ್ಟಿನ್ ಎಂಬವನ ಜಠರವನ್ನು ವರ್ಷಗಟ್ಟಲೆ ಪರೀಕ್ಷಿಸಿದ ಅಮೆರಿಕದ ವೈದ್ಯ ಬೋಮಾಂಟನ ಗ್ರಂಥವು ೧೮೩೩ರಲ್ಲಿ ಪ್ರಕಟವಾಯಿತು. ಜಠರರಸದ ಆಮ್ಲವೊಂದೇ ಈ ಕಾರ್ಯಕ್ಕೆ ಸಾಲದು, ಅದರೊಡನೆ ಬೇರೊಂದು ದ್ರವ್ಯವೂ ಬೇಕು ಎಂದು ನಿರ್ಣಯಿಸಿ, ಆ ದ್ರವ್ಯಕ್ಕೆ ೧೮೩೬ರಲ್ಲಿ ‘ಪೆಪ್ಸಿನ್’ ಎಂಬ ಹೆಸರನ್ನಿಟ್ಟವನು ಜರ್ಮನಿಯ ಥಿಯೋಡರ್ ಶ್ವಾನನು. ಗ್ರೀಕ್ ಭಾಷೆಯ ‘ಪೆಪ್ಸಿಸ್’ ಎಂಬ ನಾಮಪದವೇ ಇದಕ್ಕೆ ಮೂಲ.

ಈ ‘ಪೆಪ್ಸಿಸ್’ ಶಬ್ದವು ಸಂಸ್ಕೃತಜ್ಞರಿಗೆ ಅಪರಿಚಿತವಲ್ಲ. ಸಂಸ್ಕೃತದ ‘ಪಚ್’ ಧಾತು, ಲ್ಯಾಟಿನ್ ಭಾಷೆಯ ‘ಕೋಕ್ವೆರೆ’, ಗ್ರೀಕಿನ ‘ಪೆಪ್‌’ ಇವೆಲ್ಲ ಒಂದೇ ಮೂಲದಿಂದ ಬಂದವುಗಳು. ಅಷ್ಟೇ ಅಲ್ಲ, ಧಾತುವಿಗೆ ಭಾವಾರ್ಥದಲ್ಲಿ ‘ಕ್ತಿನ್’ ಪ್ರತ್ಯಯ ಸೇರಿ ‘ಪಕ್ತಿ’ಯು ಸಿದ್ಧವಾಗುವಂತೆಯೇ, ಅದಕ್ಕೆ ಸಮಾನವಾದ ಪ್ರತ್ಯಯದಿಂದ ‘ಪೆಪ್ಸಿಸ್’ ಸಿದ್ಧವಾಗಿದೆ. ಹೀಗೆ ಧಾತುವೂ ಪ್ರತ್ಯಯವೂ ಕೂಡಿ ಒಂದಾಗಿರುವ ಶಬ್ದಯುಗ್ಮಗಳು ವಿರಳ. ‘ಪೆಪ್ಸಿನ್’ ಎಂದು ಉಚ್ಚರಿಸುವ ವಿದ್ಯಾರ್ಥಿಯು ತಿಳಿಯದೆಯೇ ‘ಪಕ್ತಿ’ಯ ಒಡಹುಟ್ಟನ್ನು ಉಚ್ಚರಿಸುತ್ತಿರುವನು.

೨. ಅರ್ಥವ್ಯಾಪ್ತಿ

ಶಬ್ದಗಳು ಒಡಹುಟ್ಟಾದಂತೆ ಅವುಗಳ ಅರ್ಥವ್ಯಾಪ್ತಿಯೂ ಸಮಾನವಾಗಿರುವುದು ಗಮನಾರ್ಹವಾಗಿದೆ. ಅರಿಸ್ಟಾಟಲನು ತನ್ನ ‘ಮೀಟಿಯರೊಲಾಜಿಕಾ’ ಗ್ರಂಥದ ನಾಲ್ಕನೆಯ ಭಾಗದಲ್ಲಿ ಪೆಪ್ಸಿಸ್ ಎಂಬುದನ್ನು ಉಷ್ಣದಿಂದಾಗುವ ಪರಿಪಾಕವೆಂದು ನಿರೂಪಿಸಿ, ಹಣ್ಣಾಗುವುದು, ನೀರಿನಲ್ಲಿ ಬೇಯುವುದು, ಸುಡುವುದು ಎಂದು ಅದನ್ನು ವಿಭಾಗಿಸುತ್ತಾನೆ. ಜೀರ್ಣಕ್ರಿಯೆಯನ್ನೂ ಅದಕ್ಕೆ ಸದೃಶವೆನ್ನುತ್ತಾನೆ. ಸಂಸ್ಕೃತದಲ್ಲಿಯೂ ಅಡಿಗೆಯ ಪಾಕ, ಫಲದ ಪಾಕ, ಅನ್ನದ ಪಾಕ ಎಂಬ ಮೂರೂ ಒಂದೇ ಶಬ್ದದಿಂದ ಹೇಳಲ್ಪಡುವುವು. ಕನ್ನಡವಾದರೋ ಇವುಗಳನ್ನು ಬೇರ್ಪಡಿಸಿಕೊಂಡಿದೆ: ಅಕ್ಕಿ ಬೇಯುವುದು, ಕಾಯಿ ಮಾಗುವುದು, ಉಂಡದ್ದು ಅರಗುವುದು. ಈ ವಿಷಯದಲ್ಲಿ ಕನ್ನಡದ ವಿವೇಕವು ಗ್ರೀಕ್ ಸಂಸ್ಕೃತಗಳ ವೈಭವಕ್ಕಿಂತ ಹೆಚ್ಚು ಉಪಯುಕ್ತವೆಂಬುದು ಮುಂದೆ ಸ್ಪಷ್ಟವಾಗುವುದು.

ಏಕೆಂದರೆ ಪೆಪ್ಸಿನ್ ಮಾಡುವ ಕೆಲಸವು ಶಾಸ್ತ್ರಾರ್ಥದಲ್ಲಿ ಪಾಕವೇ ಅಲ್ಲ. ನ್ಯಾಯವೈಶೇಷಿಕರ ಮತದಲ್ಲಿ ಪಾಕವೆಂದರೆ ವಿಶಿಷ್ಟವಾದ ತೇಜಃಸಂಯೋಗ. ಪರಮಾಣುಗಳಲ್ಲಿಯೇ ಪಾಕವಾಗುವುದೆಂಬ ಪೀಲುಪಾಕವಾದಿಗಳಾದ ವೈಶೇಷಿಕರಿಗೂ, ಇಡಿಯ ಘಟದಲ್ಲಿಯೇ ಆಗುವುದೆಂಬ ಪಿಠರಪಾಕವಾದಿಗಳಾದ ನೈಯಾಯಿಕರಿಗೂ ಎಷ್ಟೇ ವಿವಾದವಿದ್ದರೂ ತೇಜಸ್ಸಿನ ವಿಷಯದಲ್ಲಿ ವಿವಾದವಿಲ್ಲ. ಪೆಪ್ಸಿನ್ ಆದರೋ ದೇಹದ ಸಾಮಾನ್ಯವಾದ ಸುಮಾರು ೩೭ ಡಿಗ್ರಿ ಉಷ್ಣದಲ್ಲಿ, ತೀವ್ರವಾದ ಆಮ್ಲದ ನಡುವೆ, ಸಸಾರಜನಕದ ಅಣುಸರಪಳಿಯ ಕೊಂಡಿಗಳನ್ನು ನೀರಿನ ಸಹಾಯದಿಂದ ಬಿಡಿಸುತ್ತದೆ. ಅದನ್ನು ಕುದಿಸಿದರೆ ಅದರ ಶಕ್ತಿಯೇ ನಾಶವಾಗುವುದು. ‘ಬೇಯಿಸುವುದು’ ಎಂಬ ಅರ್ಥದ ಹೆಸರನ್ನು ಹೊತ್ತ ವಸ್ತುವು ತಾನು ಬೆಂದರೆ ನಿಷ್ಫಲವಾಗುವುದೆಂಬುದು ಈ ಶಬ್ದದ ವಿಚಿತ್ರವಾದ ವಿಪರ್ಯಾಸ. ಯೌಗಿಕಾರ್ಥವನ್ನು ರೂಢ್ಯರ್ಥವು ಮೀರಿರುವುದಕ್ಕೆ ಇದಕ್ಕಿಂತ ಉತ್ತಮವಾದ ನಿದರ್ಶನವು ದುರ್ಲಭ.

೩. ಅರ್ಥದ ಪರಿಣಾಮ

ಶ್ವಾನನ ಕಾಲದಲ್ಲಿ ಪೆಪ್ಸಿನ್ ಎಂದರೆ ಕಾರ್ಯದಿಂದ ಊಹಿಸಲ್ಪಟ್ಟ ಒಂದು ಶಕ್ತಿದ್ರವ್ಯ ಮಾತ್ರ. ೧೯೩೦ರಲ್ಲಿ ನಾರ್ಥ್ರಪ್ ಎಂಬ ಅಮೆರಿಕದ ವಿಜ್ಞಾನಿಯು ಅದನ್ನು ಹರಳುರೂಪದಲ್ಲಿ ಪ್ರತ್ಯೇಕಿಸಿ, ಅದೂ ಒಂದು ಸಸಾರಜನಕವೇ ಎಂದು ಸ್ಥಾಪಿಸಿದನು. ಇಂತಹ ಕಾರ್ಯಕ್ಕಾಗಿ ೧೯೪೬ರ ರಸಾಯನಶಾಸ್ತ್ರದ ನೊಬೆಲ್ ಪಾರಿತೋಷಿಕದಲ್ಲಿ ಅವನಿಗೂ ಭಾಗ ಸಂದಿತು. ಅಂದಿನಿಂದ ಶಬ್ದವು ಅನುಮೇಯವಾದ ಶಕ್ತಿಯನ್ನು ಬಿಟ್ಟು ತೂಗಿ ಅಳೆಯಬಹುದಾದ ಪದಾರ್ಥವನ್ನು ಹೇಳತೊಡಗಿತು. ತರುವಾಯ ಈ ಜಾತಿಯಲ್ಲಿ ಹಲವು ಭೇದಗಳಿರುವುದು ತಿಳಿದುಬಂದು, ಮುಖ್ಯವಾದುದನ್ನು ‘ಪೆಪ್ಸಿನ್ ಎ’ ಎಂದು ಕರೆಯುವುದು ರೂಢಿಯಾಯಿತು. ಹೀಗೆ ಒಂದೇ ಶಬ್ದವು ಮೊದಲು ಶಕ್ತಿವಾಚಕ, ಬಳಿಕ ವ್ಯಕ್ತಿವಾಚಕ, ಕಡೆಗೆ ಜಾತಿವಾಚಕ ಎಂಬ ಮೂರು ಅವಸ್ಥೆಗಳನ್ನು ಹೊಂದಿದೆ.

ಇದರ ಬಂಧುವರ್ಗವೂ ದೊಡ್ಡದು. ಅರ್ಧ ಅರಗಿದ ಸಸಾರಜನಕಕ್ಕೆ ‘ಪೆಪ್ಟೋನ್’ ಎಂದೂ, ಅದರಿಂದ ಅಮಿನೋ ಆಮ್ಲಗಳ ಸರಪಳಿಗೆ ‘ಪೆಪ್ಟೈಡ್’ ಎಂದೂ ಹೆಸರುಗಳಾದುವು. ಎರಡನೆಯದು ಎಮಿಲ್ ಫಿಷರನ ಸೃಷ್ಟಿ. ಆ ಸರಪಳಿಯನ್ನು ಕಡಿಯುವ ಕಿಣ್ವಗಳಿಗೆಲ್ಲ ‘ಪೆಪ್ಟಿಡೇಸ್’ ಎಂಬುದೇ ಅಂತರರಾಷ್ಟ್ರೀಯ ನಾಮಕರಣಮಂಡಲಿಯು ಒಪ್ಪಿದ ಸಾಮಾನ್ಯನಾಮ. ಆದುದರಿಂದ ಪೆಪ್ಸಿನ್ ಈಗ ಪೆಪ್ಟಿಡೇಸ್‌ಗಳಲ್ಲೊಂದು. ತಾಯಿಯನ್ನು ಮೊಮ್ಮಗಳ ಗೋತ್ರದಿಂದ ಗುರುತಿಸುವ ಪರಿಸ್ಥಿತಿ ಶಬ್ದಲೋಕದಲ್ಲಿ ಬಂದಿದೆ.

ಕರುಳಿನಲ್ಲಿ ಇದೇ ಬಗೆಯ ಕಾರ್ಯವನ್ನು ಮಾಡುವ ‘ಟ್ರಿಪ್ಸಿನ್’ ಎಂಬುದಕ್ಕೆ ೧೮೭೬ರಲ್ಲಿ ಹೆಸರಿಟ್ಟವನು ಕ್ಯೂನನು. ಇದರ ವ್ಯುತ್ಪತ್ತಿಯಲ್ಲಿ ಅಭಿಪ್ರಾಯಭೇದವುಂಟು. ಉಜ್ಜುವುದೆಂಬ ಅರ್ಥದ ‘ತ್ರಿಪ್ಸಿಸ್’ ಎಂದು ಕೆಲವರು, ಸವೆಯಿಸುವುದೆಂಬ ಅರ್ಥದ ಬೇರೊಂದು ಗ್ರೀಕ್ ಧಾತುವೆಂದು ಮತ್ತೆ ಕೆಲವರು ಹೇಳುವರು. ಎರಡನೆಯ ಪಕ್ಷವನ್ನು ಒಪ್ಪಿದಲ್ಲಿ ಸಂಸ್ಕೃತದ ‘ಜೄ’ ಧಾತುವಿನ ಭಾವವು ಸ್ಮರಣೆಗೆ ಬರುವುದು. ಜೀರ್ಣವಸ್ತ್ರ, ಜೀರ್ಣದೇವಾಲಯ ಎಂಬಲ್ಲಿರುವಂತೆ ‘ಜೀರ್ಣ’ ಎಂದರೆ ಸವೆದುದು. ಅಗಸ್ತ್ಯನ ಉದರದಲ್ಲಿ ವಾತಾಪಿಯು ಜೀರ್ಣನಾದನೆಂಬ ಕಥೆಯಲ್ಲಿ, ಬಾದಾಮಿಗೆ ತನ್ನ ಹೆಸರನ್ನಿತ್ತ ಆ ದೈತ್ಯನು ಬೆಂದನೆಂದಲ್ಲ, ಮರಳಿ ಒಂದುಗೂಡದಂತೆ ಕ್ಷಯಿಸಿದನೆಂದೇ ಅರ್ಥ. ಈ ಕಿಣ್ವಗಳ ನಿಜವಾದ ಕಾರ್ಯಕ್ಕೆ ‘ಪಚ್’ ಧಾತುವಿಗಿಂತ ‘ಜೄ’ ಧಾತುವೇ ಹತ್ತಿರವಾದುದು.

೪. ಕನ್ನಡದ ಪ್ರಯೋಗಗಳು

ಎನ್ಜೈಮ್ ಎಂಬುದಕ್ಕೆ ಕನ್ನಡದಲ್ಲಿ ನೆಲೆನಿಂತಿರುವ ‘ಕಿಣ್ವ’ ಶಬ್ದವನ್ನು ಮೊದಲು ವಿಚಾರಿಸಬೇಕು. ಅಮರಕೋಶದಲ್ಲಿ ಕಿಣ್ವವು ಸುರೆಯ ಪ್ರಕರಣದಲ್ಲಿ ನಗ್ನಹೂ ಎಂಬುದರ ಪರ್ಯಾಯವಾಗಿ ಬರುವುದು. ಕೌಟಿಲ್ಯನ ಸುರಾಧ್ಯಕ್ಷಪ್ರಕರಣದಲ್ಲಿಯೂ ಅದು ಮದ್ಯಕ್ಕೆ ಸೇರಿಸುವ ಹುದುಗೇ. ಜಡವಸ್ತುಗಳ ಮೇಳನದಿಂದ ಚೈತನ್ಯವು ಹುಟ್ಟುವುದಕ್ಕೆ ಚಾರ್ವಾಕರು ಕೊಡುವ ದೃಷ್ಟಾಂತವೂ ಕಿಣ್ವಾದಿಗಳಿಂದುಂಟಾಗುವ ಮದಶಕ್ತಿಯದೇ. ಎನ್ಜೈಮ್ ಶಬ್ದಕ್ಕೆ ಗ್ರೀಕಿನಲ್ಲಿ ‘ಹುದುಗಿನೊಳಗಿರುವುದು’ ಎಂದರ್ಥ. ಜೀವವುಳ್ಳ ಹುದುಗಿನಿಂದ ಜೀವವಿಲ್ಲದ ಈ ದ್ರವ್ಯಗಳನ್ನು ಬೇರ್ಪಡಿಸುವುದಕ್ಕಾಗಿಯೇ ಕ್ಯೂನನು ಈ ಶಬ್ದವನ್ನು ತಂದನು. ಆದುದರಿಂದ ‘ಕಿಣ್ವ’ವು ಹುದುಗನ್ನೇ ಹೇಳುವುದಲ್ಲದೆ ಹುದುಗಿನೊಳಗಿನದನ್ನು ಹೇಳದೆಂದು ಆಕ್ಷೇಪಿಸಬಹುದು. ಆದರೆ ಜೀವಕೋಶಗಳಿಲ್ಲದ ಹುದುಗಿನ ರಸವೂ ಸಕ್ಕರೆಯನ್ನು ಮದ್ಯವಾಗಿಸುವುದೆಂದು ಬುಖ್ನರನು ೧೮೯೭ರಲ್ಲಿ ತೋರಿಸಿದ ಮೇಲೆ ಈ ಭೇದದ ತೀಕ್ಷ್ಣತೆಯು ಕುಂದಿತು. ಹಳೆಯ ಶಬ್ದಕ್ಕೆ ಹೊಸ ಅರ್ಥವು ರೂಢಿಯಾಗಿದೆ, ಇದನ್ನು ದೋಷವೆನ್ನಲಾಗದು.

‘ಸಸಾರಜನಕಪಾಚಕ’ದಂತಹ ಸಮಾಸದಲ್ಲಿ ವೈಯಾಕರಣರಿಗೆ ಒಂದು ಸಂದೇಹವು ಹುಟ್ಟುವುದು. ಕರ್ತ್ರರ್ಥದ ‘ಅಕ’ಪ್ರತ್ಯಯಾಂತದೊಡನೆ ಷಷ್ಠೀಸಮಾಸವನ್ನು ಪಾಣಿನಿಯು ನಿಷೇಧಿಸಿರುವನು, ಅನ್ನದ ಪಾಚಕನೆಂಬುದೇ ಕೌಮುದಿಯಲ್ಲಿ ಆ ನಿಷೇಧಕ್ಕೆ ಉದಾಹರಣೆಗಳಲ್ಲೊಂದು. ಶೇಷಷಷ್ಠಿಯನ್ನು ಹೇಳಿ ಪರಿಹರಿಸಿಕೊಳ್ಳಲು ಸಾಧ್ಯವಿರುವುದರಿಂದ ಈ ದೋಷವು ಸಹ್ಯ. ಪೆಪ್ಸಿನ್‌ಗೂ ಟ್ರಿಪ್ಸಿನ್‌ಗೂ ಪಪ್ಪಾಯಿಯ ಹಾಲಿನಲ್ಲಿರುವ ಪಪೇನ್‌ಗೂ ಈ ಒಂದೇ ಹೆಸರು ಸಮಾನವಾಗಿ ಸಲ್ಲುವುದರಿಂದ ಇದು ಜಾತಿಗೆ ಹೆಸರಾಗಬಹುದೇ ಹೊರತು ವ್ಯಕ್ತಿಗೆ ಆಗಲಾರದೆಂಬುದು ಅದಕ್ಕಿಂತ ಗುರುತರವಾದ ಆಕ್ಷೇಪ.

‘ಮೇದೋಜೀರಕ’ದ ವಿಷಯದಲ್ಲಿ ಇಷ್ಟು ಔದಾರ್ಯವು ಕಷ್ಟ. ಪ್ಯಾಂಕ್ರಿಯಾಸ್ ಗ್ರಂಥಿಗೆ ಕನ್ನಡದಲ್ಲಿ ಈ ಹೆಸರು ಪ್ರಚಾರದಲ್ಲಿದೆ. ಸಂಸ್ಕೃತದಲ್ಲಿ ‘ಜೀರಕ’ ಎಂದರೆ ಜೀರಿಗೆ; ಅಮರನೂ ಹಾಗೆಯೇ ಹೇಳುವನು. ಅರಗಿಸುವುದೆಂಬ ಅರ್ಥಕ್ಕೆ ‘ಜಾರಕ’ವೆಂದಿರಬೇಕಾಗಿತ್ತು. ಶಬ್ದದೋಷವನ್ನು ಕ್ಷಮಿಸಿದರೂ ಅರ್ಥದೋಷವು ಉಳಿಯುವುದು: ಈ ಗ್ರಂಥಿಯ ರಸವು ಮೇದಸ್ಸನ್ನಲ್ಲದೆ ಪಿಷ್ಟವನ್ನೂ ಸಸಾರಜನಕವನ್ನೂ ಅರಗಿಸುವುದು. ಟ್ರಿಪ್ಸಿನ್ನಿನ ಪೂರ್ವರೂಪವು ಬರುವುದೂ ಇಲ್ಲಿಂದಲೇ. ಮೇದಸ್ಸಿನ ಹೆಸರುಳ್ಳ ಗ್ರಂಥಿಯಲ್ಲಿ ಸಸಾರಜನಕದ ಕಿಣ್ವವಿದೆಯೆಂದು ಕೇಳಿದ ವಿದ್ಯಾರ್ಥಿಯು ಗೊಂದಲಕ್ಕೀಡಾದರೆ ಅಪರಾಧವು ಅವನದಲ್ಲ, ಹೆಸರಿನದು.

ಲಿಪ್ಯಂತರವೂ ನಿರಪಾಯವಲ್ಲ. ಎಳಗರುವಿನ ಹೊಟ್ಟೆಯಲ್ಲಿ ಹಾಲನ್ನು ಹೆಪ್ಪುಗಟ್ಟಿಸುವ ‘ರೆನ್ನಿನ್’ ಎಂಬುದೂ, ಮೂತ್ರಪಿಂಡದಲ್ಲಿ ಹುಟ್ಟಿ ರಕ್ತದ ಒತ್ತಡಕ್ಕೆ ಸಂಬಂಧಿಸಿದ ‘ರೆನಿನ್’ ಎಂಬುದೂ ಬೇರೆ ಬೇರೆಯಾದ ಕಿಣ್ವಗಳು. ಒಂದು ದ್ವಿತ್ವದ ಒತ್ತು ಬಿದ್ದುಹೋದರೆ ಹಾಲಿನ ಮಾತು ರಕ್ತಕ್ಕೆ ಸಲ್ಲುವುದು. ಮೊದಲನೆಯದಕ್ಕೆ ‘ಕೈಮೋಸಿನ್’ ಎಂಬ ಹಳೆಯ ಹೆಸರೇ ಈಗ ಶಾಸ್ತ್ರಸಮ್ಮತವಾಗಿರುವುದರಿಂದ ಕನ್ನಡದಲ್ಲಿಯೂ ಅದನ್ನೇ ಹಿಡಿಯುವುದು ಕ್ಷೇಮ.

೫. ಪಾಚಕಪಿತ್ತವೂ ಪೆಪ್ಸಿನ್ನೂ

ಇನ್ನು ಮೂರನೆಯ ಮಾರ್ಗ. ಪಾಚಕಪಿತ್ತವೇ ಪೆಪ್ಸಿನ್ ಎನ್ನುವವರ ಪಕ್ಷವು ದುರ್ಬಲವಾದುದಲ್ಲ. ಪಿತ್ತಕ್ಕಿಂತ ಬೇರೆಯಾದ ಅಗ್ನಿಯು ದೇಹದಲ್ಲಿಲ್ಲವೆಂದು ಸುಶ್ರುತನೇ ವಿಚಾರಪೂರ್ವಕವಾಗಿ ನಿರ್ಣಯಿಸಿರುವನು, ಪಿತ್ತವು ದ್ರವರೂಪದ್ದು. ಹೀಗಿರಲಾಗಿ, ತೇಜಃಸಂಯೋಗವಿಲ್ಲವೆಂಬ ನೈಯಾಯಿಕರ ಆಕ್ಷೇಪವು ವೈದ್ಯರಿಗೆ ತಗಲದೆಂದು ಅವರು ಹೇಳಬಹುದು. ದೀಪನಪಾಚನಗಳನ್ನು ಶಾರ್ಙ್ಗಧರನು ಬೇರ್ಪಡಿಸಿರುವುದನ್ನೂ ತೋರಿಸಿ, ನಿಷ್ಕ್ರಿಯವಾದ ಪೂರ್ವರೂಪವನ್ನು ಪ್ರಚೋದಿಸುವ ವಸ್ತುವೇ ಬೇರೆ, ಅರಗಿಸುವ ವಸ್ತುವೇ ಬೇರೆ ಎಂಬ ಆಧುನಿಕ ವಿವೇಕವು ಅಲ್ಲಿಯೇ ಇದೆಯೆನ್ನಬಹುದು.

ಆದರೂ ಈ ಸಮೀಕರಣವು ನಿಲ್ಲದು. ಪಾಚಕಪಿತ್ತವು ಚತುರ್ವಿಧವಾದ ಅನ್ನವನ್ನೆಲ್ಲ ಪಚನಮಾಡಿ, ಸಾರಕಿಟ್ಟಗಳನ್ನು ವಿಂಗಡಿಸಿ, ರಂಜಕಾದಿಗಳಾದ ಉಳಿದ ನಾಲ್ಕು ಪಿತ್ತಗಳಿಗೂ ಬಲವನ್ನೀಯುವುದು. ತ್ರಿದೋಷಸಿದ್ಧಾಂತದೊಳಗೆ ಮಾತ್ರ ಅರ್ಥವಾಗುವ ತತ್ತ್ವವದು. ಪೆಪ್ಸಿನ್ ಪಿಷ್ಟವನ್ನಾಗಲಿ ಎಣ್ಣೆಯನ್ನಾಗಲಿ ಮುಟ್ಟದು. ಪಾಚಕಪಿತ್ತದ ಸ್ಥಾನವು ಆಮಾಶಯಪಕ್ವಾಶಯಗಳ ಮಧ್ಯದಲ್ಲಿ. ಪೆಪ್ಸಿನ್ ಕೆಲಸಮಾಡುವುದು ಆಮಾಶಯದಲ್ಲಿಯೇ. ಕರುಳಿನ ಕ್ಷಾರದಲ್ಲಿ ಅದರ ಸತ್ತ್ವವು ಉಡುಗುವುದು. ಹೀಗೆ ವಿಷಯ, ದೇಶ, ಕಾರ್ಯ ಈ ಮೂರರಲ್ಲಿಯೂ ಭೇದವಿರುವಾಗ ಧಾತುವಿನ ಸಾಮ್ಯವೊಂದರಿಂದಲೇ ಅಭೇದವನ್ನು ಸಾಧಿಸುವುದು ಯುಕ್ತಿಯಲ್ಲ. ಈ ಸಮೀಕರಣದಿಂದ ಎರಡು ಶಾಸ್ತ್ರಗಳಿಗೂ ಹಾನಿಯುಂಟು. ಜೀವರಸಾಯನವನ್ನು ಓದುವವನು ಪರೀಕ್ಷಿಸಬೇಕಾದುದನ್ನು ಪೂರ್ವವೇ ತಿಳಿದಿದೆಯೆಂದು ಬಿಡುವನು. ಆಯುರ್ವೇದವನ್ನು ಓದುವವನು ಸಮಗ್ರವಾದ ಒಂದು ತತ್ತ್ವವನ್ನು ಜಠರದ ಒಂದು ಕಿಣ್ವಕ್ಕೆ ಕುಗ್ಗಿಸುವನು. ಪೂರ್ವಿಕರಿಗೆ ಗೌರವವೆಂದು ಮಾಡಿದುದು ಅವರ ಮಾತನ್ನು ಕಿರಿದುಮಾಡುವುದರಲ್ಲಿ ಮುಗಿಯುವುದು.

೬. ನಿಗಮನ

ಮೇಲಿನ ವಿಚಾರದಿಂದ ಫಲಿಸುವುದಿಷ್ಟು. ಪೆಪ್ಸಿನ್, ಟ್ರಿಪ್ಸಿನ್ ಮುಂತಾದ ವ್ಯಕ್ತಿನಾಮಗಳನ್ನು ಕನ್ನಡ ಲಿಪಿಯಲ್ಲಿ ಹಾಗೆಯೇ ಇರಿಸತಕ್ಕದ್ದು. ಜಾತಿಯನ್ನು ಹೇಳಬೇಕಾದಲ್ಲಿ ‘ಸಸಾರಜನಕವನ್ನು ಅರಗಿಸುವ ಕಿಣ್ವ’ ಎಂದು ಬಿಡಿಸಿ ಹೇಳುವುದರಿಂದ ಸಮಾಸದ ಸಂದೇಹವೂ ಪಾಕದ ಭ್ರಮೆಯೂ ಒಟ್ಟಿಗೇ ತೊಲಗುವುವು. ‘ಅರಗು’ ಎಂಬ ಕನ್ನಡ ಧಾತುವಿನಲ್ಲಿ ಒಲೆಯೂ ಇಲ್ಲ, ಉರಿಯೂ ಇಲ್ಲ. ಉಂಡದ್ದು ಕುಗ್ಗಿ ಮೈಗೂಡುವುದಷ್ಟೇ ಅದರ ಅರ್ಥ. ಪಕ್ತಿಪೆಪ್ಸಿಸ್ಸುಗಳ ಬಾಂಧವ್ಯವನ್ನು ಭಾಷಾಶಾಸ್ತ್ರದ ಪಾಠದಲ್ಲಿ ಸಂತೋಷದಿಂದ ಬೋಧಿಸಬಹುದು. ಶರೀರಶಾಸ್ತ್ರದ ಪಾಠದಲ್ಲಿ ಅದನ್ನು ಪ್ರಮಾಣವಾಗಿ ತರಬಾರದು. ಶಬ್ದದ ಕುಲವನ್ನು ಅರಿಯುವುದು ಒಂದು ವಿದ್ಯೆ, ವಸ್ತುವಿನ ಗುಣವನ್ನು ಅರಿಯುವುದು ಮತ್ತೊಂದು. ಇವೆರಡನ್ನೂ ಬಲ್ಲವರು ಒಂದರ ಸಾಕ್ಷ್ಯವನ್ನು ಇನ್ನೊಂದರ ನ್ಯಾಯಸ್ಥಾನಕ್ಕೆ ಒಯ್ಯುವುದಿಲ್ಲ.