ಒಲೆ ಆರಿದ ಮೇಲೆ ಚೀಸ್

ಚೀಸ್ ತುರಿದು ಉದುರಿಸಿಬಿಟ್ಟರೆ ಯಾವ ತಿಂಡಿಗಾದರೂ ಬಡ್ತಿ ಸಿಕ್ಕಂತೆ ಎಂಬ ನಂಬಿಕೆ ನಮ್ಮಲ್ಲಿ ಈಗ ಗಟ್ಟಿಯಾಗಿ ಕೂತಿದೆ. ಚೀಸ್ ದೋಸೆ, ಚೀಸ್ ಪಡ್ಡು, ಚೀಸ್ ಮಸಾಲೆಪುರಿ. ಸಂಜೆ ಬೆಂಗಳೂರಿನ ವಿ.ವಿ. ಪುರದ ತಿಂಡಿ ಬೀದಿಗೆ ಹೋದರೆ, ಕಾವಲಿಯ ಮೇಲಿನ ದೋಸೆ ಕಾಣದಷ್ಟು ಚೀಸ್ ಬೀಳುತ್ತಿರುತ್ತದೆ. ತಿನ್ನುವವರ ಸಂತೋಷಕ್ಕೆ ನಾನೇಕೆ ಅಡ್ಡ ಬರಲಿ? ಆದರೆ ಹುದುಗಿದ ಹಿಟ್ಟಿನ ಹುಳಿಗೂ ಚೀಸಿನ ಉಪ್ಪಿಗೂ ಎಂದೂ ಸರಿಹೋಗಿದ್ದನ್ನು ನಾನು ಕಂಡಿಲ್ಲ. ಚೀಸಿಗೆ ಮನಸಾರೆ ಜಾಗ ಬಿಟ್ಟುಕೊಡುವುದು ಮೊಟ್ಟೆ. ಅದರಲ್ಲೂ ಬೆಳಗಿನ ತಿಂಡಿಗೆ ಮಾಡುವ ಮೆತ್ತನೆಯ, ಕೆನೆಗೂಡಿದ ಸ್ಕ್ರ್ಯಾಂಬಲ್ಡ್ ಎಗ್. ದುಃಖವೆಂದರೆ ಅಲ್ಲಿಯೂ ಚೀಸನ್ನು ನಾವು ಹೊತ್ತಲ್ಲದ ಹೊತ್ತಿನಲ್ಲಿ, ಅಳತೆಯಿಲ್ಲದೆ ಸುರಿಯುತ್ತೇವೆ.

ಎಗ್ ಬುರ್ಜಿಯನ್ನು ಮೊದಲೇ ಪಕ್ಕಕ್ಕಿಡುತ್ತೇನೆ. ಈರುಳ್ಳಿ, ಹಸಿಮೆಣಸಿನಕಾಯಿ, ದೊಡ್ಡ ಉರಿ, ಕಬ್ಬಿಣದ ಕಾವಲಿ, ಕಟಕಟ ಸದ್ದು: ಅದರ ಗುರಿಯೇ ಉದುರುದುರಾಗುವುದು. ಒಳ್ಳೆಯ ಬುರ್ಜಿಯ ಅಂಚುಗಳು ಸ್ವಲ್ಪ ಕೆಂಪಗಾಗಿರಬೇಕು. ಸ್ಕ್ರ್ಯಾಂಬಲ್ಡ್ ಎಗ್ ಬೇರೆಯದೇ ಜಾತಿ. ಅಲ್ಲಿ ಒಂದು ಕೆಂಪು ಚುಕ್ಕೆ ಕಂಡರೂ ಕೆಲಸ ಕೆಟ್ಟಿತು. ನಮ್ಮ ದೇಶದಲ್ಲೇ ಅದಕ್ಕೆ ಹತ್ತಿರದ ನೆಂಟ ಬೇಕೆಂದರೆ ಪಾರ್ಸಿಗಳ ಅಕೂರಿಯನ್ನು ಕೇಳಬೇಕು. ಮಸಾಲೆ ಇದ್ದರೂ ಅದು ತೇವವಾಗಿ, ಸಡಿಲವಾಗಿ ಉಳಿಯುತ್ತದೆ. ಗಟ್ಟಿಯಾದ ಅಕೂರಿಯನ್ನು ಪಾರ್ಸಿ ಮನೆಯಲ್ಲಿ ಬಡಿಸುವ ಹಾಗಿಲ್ಲ.

ಈ ಮೆತ್ತನೆಯ ಗುಣ ಎಲ್ಲಿಂದ ಬರುತ್ತದೆ? ಕೆನೆಯಿಂದ ಅಲ್ಲ, ಚೀಸಿನಿಂದಲೂ ಅಲ್ಲ. ಮೊಟ್ಟೆಯ ಮುಕ್ಕಾಲು ಪಾಲು ನೀರು. ಕಾವು ತಾಗಿದೊಡನೆ ಸುರುಳಿ ಸುತ್ತಿಕೊಂಡಿದ್ದ ಪ್ರೋಟೀನಿನ ಎಳೆಗಳು ಬಿಚ್ಚಿ, ಒಂದಕ್ಕೊಂದು ತೊಡರಿ ಬಲೆಯಾಗುತ್ತವೆ. ಆ ಬಲೆಯೊಳಗೆ ನೀರು ಸಿಕ್ಕಿಕೊಳ್ಳುತ್ತದೆ. ಬಿಳಿ ಭಾಗ ಸುಮಾರು 62 ಡಿಗ್ರಿ ಸೆಲ್ಸಿಯಸ್‌ನಲ್ಲಿ ಗಟ್ಟಿಯಾಗತೊಡಗುತ್ತದೆ, ಹಳದಿ 65ರಲ್ಲಿ ಮಂದವಾಗಿ 70ಕ್ಕೆ ಹೆಪ್ಪುಗಟ್ಟುತ್ತದೆ, ಎರಡನ್ನೂ ಕಲಕಿದ ಮಿಶ್ರಣ 73ರ ಹೊತ್ತಿಗೆ ಕೂಡಿಕೊಳ್ಳುತ್ತದೆ. ಅಲ್ಲಿಂದ ಮುಂದೆ ಬಲೆ ಬಿಗಿಯುತ್ತಾ ಹೋಗಿ, ಒದ್ದೆ ಬಟ್ಟೆ ಹಿಂಡಿದ ಹಾಗೆ ನೀರನ್ನು ಹೊರಗೆ ಕಕ್ಕುತ್ತದೆ. ತಟ್ಟೆಯಲ್ಲಿ ರಬ್ಬರಿನಂಥ ಉಂಡೆಗಳು, ಅವುಗಳ ಸುತ್ತ ತೆಳು ನೀರು. ಹಿತಕ್ಕೂ ಹಾಳಿಗೂ ನಡುವೆ ಇರುವುದು ಕೆಲವೇ ಡಿಗ್ರಿ. ಆದ್ದರಿಂದ ಈ ಅಡುಗೆಯ ಜಾಣತನವೆಲ್ಲ ಯಾವಾಗ ನಿಲ್ಲಿಸಬೇಕು ಎಂಬುದರಲ್ಲಿದೆ.

ಇದನ್ನು ಕಾದಂಬರಿಕಾರ ಇಯಾನ್ ಫ್ಲೆಮಿಂಗ್ ಚೆನ್ನಾಗಿ ಅರಿತಿದ್ದ. ಅವನ ಜೇಮ್ಸ್ ಬಾಂಡ್‌ಗೆ ಸ್ಕ್ರ್ಯಾಂಬಲ್ಡ್ ಎಗ್ ಎಂದರೆ ಪ್ರಾಣ. 1963ರಲ್ಲಿ ಬಂದ ‘007 ಇನ್ ನ್ಯೂಯಾರ್ಕ್’ ಎಂಬ ಸಣ್ಣ ಕಥೆಯಲ್ಲಿ ಬಾಂಡ್ ಮೆಚ್ಚಿದ ಪಾಕವನ್ನೇ ಕೊಟ್ಟುಬಿಟ್ಟಿದ್ದಾನೆ: ನಾಲ್ಕು ಜನಕ್ಕೆ 12 ಮೊಟ್ಟೆ, ಐದಾರು ಔನ್ಸ್ ಬೆಣ್ಣೆ. ಅಂದರೆ ತಲೆಗೆ ಸುಮಾರು 40 ಗ್ರಾಂ. ಹೃದ್ರೋಗ ತಜ್ಞರು ಈ ಸಾಲನ್ನು ಓದದಿರಲಿ. ಆದರೆ ಆ ಪಾಕದಲ್ಲಿ ನನಗೆ ಮುಖ್ಯವಾಗಿ ಕಂಡದ್ದು ಬೆಣ್ಣೆಯ ತೂಕವಲ್ಲ. ತಿನ್ನಲು ಬೇಕಾದುದಕ್ಕಿಂತ ಇನ್ನೂ ಸ್ವಲ್ಪ ಹಸಿಯಾಗಿರುವಾಗಲೇ ಬಾಣಲೆಯನ್ನು ಉರಿಯಿಂದ ಇಳಿಸಿ, ಉಳಿದ ಬೆಣ್ಣೆಯನ್ನು ಆಗ ಸೇರಿಸಿ ಕಲಕಬೇಕು ಎನ್ನುತ್ತಾನೆ. ಬೇಯುವ ಕೆಲಸ ಒಲೆಯಿಂದ ಇಳಿದ ಮೇಲೂ ನಡೆದೇ ಇರುತ್ತದೆ. ತಣ್ಣನೆಯ ಬೆಣ್ಣೆ ಅದಕ್ಕೆ ಕಡಿವಾಣ ಹಾಕುತ್ತದೆ.

ಫ್ರೆಂಚ್ ಅಡುಗೆಗೆ ಶಿಸ್ತು ತಂದ ಆಗಸ್ಟ್ ಎಸ್ಕಾಫಿಯೆ 1903ರ ತನ್ನ ಬೃಹತ್ ಪಾಕಗ್ರಂಥದಲ್ಲಿ ಮೊಟ್ಟೆಯ ಖಾದ್ಯಗಳಲ್ಲೆಲ್ಲ ಇದಕ್ಕೇ ಅಗ್ರಸ್ಥಾನ ಕೊಟ್ಟಿದ್ದಾನೆ, ಮಿತಿಮೀರಿ ಬೇಯಿಸಬಾರದೆಂಬ ಷರತ್ತಿನೊಂದಿಗೆ. ಹಳಬರು ಕುದಿಯುವ ನೀರಿನ ಪಾತ್ರೆಯ ಮೇಲೆ ಇನ್ನೊಂದು ಪಾತ್ರೆ ಕೂರಿಸಿ ಮಾಡುತ್ತಿದ್ದರು; ತಾಳ್ಮೆಯಿದ್ದವರಿಗೆ ಅದಕ್ಕಿಂತ ನಿರಪಾಯದ ದಾರಿ ಇಲ್ಲ. ನಟಿ ಸಾರಾ ಬರ್ನಾರ್ಡ್‌ಗಾಗಿ ಎಸ್ಕಾಫಿಯೆ ಮೊಟ್ಟೆ ಕಲಕುವಾಗ ಚಾಕುವಿನ ತುದಿಗೆ ಬೆಳ್ಳುಳ್ಳಿ ಎಸಳು ಚುಚ್ಚಿರುತ್ತಿದ್ದ, ಬೆಳ್ಳುಳ್ಳಿ ಒಲ್ಲದ ಆಕೆಗೆ ಆ ಗುಟ್ಟು ಗೊತ್ತೇ ಇರಲಿಲ್ಲ ಎಂಬ ಕಥೆಯೂ ಅಡುಗೆಯವರ ಬಾಯಲ್ಲಿದೆ. ನಿಜವೋ ಸುಳ್ಳೋ, ಮಾಡಿ ನೋಡಿ. ಘಮ ಬರುತ್ತದೆ, ಘಾಟು ಬರುವುದಿಲ್ಲ.

ಸಿಡ್ನಿಯ ಬಿಲ್ ಗ್ರೇಂಜರ್ ದಾರಿ ಬೇರೆ. 1993ರಲ್ಲಿ ಡಾರ್ಲಿಂಗ್‌ಹರ್ಸ್ಟ್‌ನಲ್ಲಿ ಸಣ್ಣ ಕೆಫೆ ತೆರೆದ ಈತ ಎರಡು ಮೊಟ್ಟೆಗೆ ಮೂರನೇ ಒಂದು ಕಪ್ ಕ್ರೀಮ್ ಸೇರಿಸಿ, ಕಲಕದೆ, ಬರಿದೆ ಮಡಿಚುತ್ತಾ ದೊಡ್ಡ ದೊಡ್ಡ ಮೃದು ಪದರಗಳನ್ನು ತೆಗೆಯುತ್ತಿದ್ದ. ಲೋಕವೆಲ್ಲ ಅದನ್ನು ಹೊಗಳಿತು. ನಾನೂ ಹೊಗಳುತ್ತೇನೆ, ಆದರೆ ಚೀಸ್ ಹಾಕುವ ದಿನ ಆ ದಾರಿ ಬೇಡ. ಅಷ್ಟು ಕ್ರೀಮಿನ ಮೇಲೆ ಚೀಸೂ ಬಿದ್ದರೆ ಮೂರನೇ ತುತ್ತಿಗೇ ನಾಲಗೆ ಮೊಂಡಾಗುತ್ತದೆ.

ಇವರೆಲ್ಲರಿಗೂ ವಿರುದ್ಧವಾಗಿ ನಿಲ್ಲುವುದು ಹಾಂಗ್‌ಕಾಂಗ್. ಅಲ್ಲಿನ ಜೋರ್ಡನ್ ಭಾಗದ ‘ಆಸ್ಟ್ರೇಲಿಯಾ ಡೇರಿ ಕಂಪನಿ’ 1970ರಿಂದ ನಡೆಯುತ್ತಿರುವ ಗಡಿಬಿಡಿಯ ಉಪಾಹಾರ ಗೃಹ. ಹೆಸರು ನೋಡಿ ಹಾಲಿನ ಡೇರಿ ಎಂದುಕೊಳ್ಳಬೇಡಿ. ಜನ ಸಾಲುಗಟ್ಟುವುದು ರೇಷ್ಮೆಯಂಥ ಸ್ಕ್ರ್ಯಾಂಬಲ್ಡ್ ಎಗ್‌ಗೆ. ಅಂಥ ಕ್ಯಾಂಟೀನ್‌ಗಳಲ್ಲಿ ಸಣ್ಣ ಉರಿಯ ಮಾತೇ ಇಲ್ಲ. ಜೋರು ಕಾವು, ಕ್ಷಣದ ಕೈಚಳಕ, ಇನ್ನೂ ಹರಿಯುತ್ತಿರುವಾಗಲೇ ತಟ್ಟೆಗೆ. ನಿಧಾನವೇ ಎಲ್ಲಕ್ಕೂ ಮದ್ದು ಎನ್ನುವವರಿಗೆ ಇದು ತಕ್ಕ ಉತ್ತರ. ಉರಿ ದೊಡ್ಡದಿರಲಿ ಚಿಕ್ಕದಿರಲಿ, ಕೈ ಬೇಗ ಹಿಂದೆಗೆಯಬೇಕು. ದೊಡ್ಡ ಉರಿಯಲ್ಲಿ ಅದಕ್ಕೆ ಸಿಗುವ ಸಮಯ ಕಡಿಮೆ, ಅಷ್ಟೇ. ಅದಕ್ಕೇ ಮನೆಯಲ್ಲಿ ಮಾಡುವವರಿಗೆ ನಾನು ಸಣ್ಣ ಉರಿಯನ್ನೇ ಹೇಳುವುದು.

ಈಗ ಚೀಸ್. ಚೆಡ್ಡಾರಿನಂಥ ಅಸಲಿ ಚೀಸಿನಲ್ಲಿ ಹಾಲಿನ ಪ್ರೋಟೀನು ಕೊಬ್ಬನ್ನು ಹಿಡಿದಿಟ್ಟುಕೊಂಡಿರುತ್ತದೆ. ಹದವಾದ ಬಿಸಿಗೆ ಅದು ಸಡಿಲವಾಗಿ ಕರಗುತ್ತದೆ. ಮಿತಿಮೀರಿದರೆ ಪ್ರೋಟೀನು ಮುದುಡಿ, ಎಣ್ಣೆ ಹೊರಗೆ ಜಿನುಗುತ್ತದೆ. ಬೇಯುತ್ತಿರುವ ಮೊಟ್ಟೆಗೇ ಚೀಸ್ ಸುರಿದಾಗ ಆಗುವ ಅನಾಹುತ ಇದು: ಮೊಟ್ಟೆ ನೀರು ಬಿಡುತ್ತದೆ, ಚೀಸ್ ಎಣ್ಣೆ ಬಿಡುತ್ತದೆ. ಒಲೆ ಆರಿಸಿದ ಮೇಲೆ ಹಾಕಿದರೆ ಎರಡೂ ತಪ್ಪುತ್ತವೆ, ಸಣ್ಣಗೆ ತುರಿದ ಚೀಸ್ ಕರಗಲು ಮೊಟ್ಟೆಯ ಬಿಸಿಯೇ ಸಾಕು.

ಇಲ್ಲಿ ರಸಿಕರು ಮೂಗು ಮುರಿಯುವ ಒಂದು ಮಾತು ಹೇಳಬೇಕಿದೆ. ನಮ್ಮ ಅಂಗಡಿಗಳಲ್ಲಿ ಸಿಗುವ ಪ್ರೊಸೆಸ್ಡ್ ಚೀಸ್ ಈ ಒಂದು ತಿಂಡಿಗೆ ಹೇಳಿ ಮಾಡಿಸಿದ್ದು. 1911ರಲ್ಲಿ ಸ್ವಿಟ್ಜರ್ಲೆಂಡಿನ ಥೂನ್ ಪಟ್ಟಣದ ವಾಲ್ಟರ್ ಗೆರ್ಬರ್ ಮತ್ತು ಫ್ರಿಟ್ಸ್ ಸ್ಟೆಟ್ಲರ್ ಎಮೆಂಟಾಲ್ ಚೀಸಿಗೆ ಸೋಡಿಯಂ ಸಿಟ್ರೇಟ್ ಸೇರಿಸಿ ಕರಗಿಸಿದರು. 1916ರಲ್ಲಿ ಅಮೆರಿಕದ ಜೇಮ್ಸ್ ಕ್ರಾಫ್ಟ್ ತನ್ನದೇ ವಿಧಾನಕ್ಕೆ ಪೇಟೆಂಟ್ ಪಡೆದ. ಆ ಲವಣ ಚೀಸಿನ ಪ್ರೋಟೀನಿನಿಂದ ಕ್ಯಾಲ್ಸಿಯಂ ಅನ್ನು ಬಿಡಿಸುತ್ತದೆ. ಆಗ ಪ್ರೋಟೀನು ನೀರನ್ನೂ ಕೊಬ್ಬನ್ನೂ ಒಟ್ಟಿಗೆ ಹಿಡಿದು ನಯವಾದ ಸಾಸಿನಂತೆ ಕರಗುತ್ತದೆ. ಪೊಟ್ಟಣದ ಹಿಂದೆ 331 ಎಂಬ ಸಂಖ್ಯೆ ಕಂಡರೆ ಅದೇ ಸಿಟ್ರೇಟ್. ರುಚಿಯಲ್ಲಿ ಪ್ರೊಸೆಸ್ಡ್ ಚೀಸ್ ಬಡವ, ಒಪ್ಪುತ್ತೇನೆ. ಹಾಗಾಗಿ ನಾನು ಮೂರು ಮೊಟ್ಟೆಗೆ ಅರ್ಧ ಸ್ಲೈಸ್ ಅದನ್ನು ಹರಿದು ಹಾಕಿ, ಮೇಲೆ ಒಂದು ಚಮಚ ಹಳೆಯ ಚೆಡ್ಡಾರ್ ಅಥವಾ ಪಾರ್ಮೆಸಾನ್ ತುರಿಯುತ್ತೇನೆ. ನಯ ಇದರದು, ರುಚಿ ಅದರದು. ಮೊಜರೆಲ್ಲಾ ಬೇಡವೇ ಬೇಡ. ಅದು ಎಳೆಎಳೆಯಾಗಿ ಜೋತು ಮೊಟ್ಟೆಯ ಮೆದುತನವನ್ನೆಲ್ಲ ಕೆಡಿಸುತ್ತದೆ. ತುರಿದೇ ಪೊಟ್ಟಣ ಕಟ್ಟಿದ ಚೀಸೂ ಬೇಡ, ಅಂಟದಿರಲೆಂದು ಅದಕ್ಕೆ ಪಿಷ್ಟವನ್ನೋ ನಾರಿನ ಪುಡಿಯನ್ನೋ ಬೆರೆಸಿರುತ್ತಾರೆ.

ಮಾಡುವ ಕ್ರಮ ಹೀಗೆ. ಮೂರು ಮೊಟ್ಟೆ ಒಡೆದು, ಚಿಟಿಕೆ ಉಪ್ಪು ಹಾಕಿ, ಬಿಳಿಯ ಗೆರೆ ಉಳಿಯದಂತೆ ಫೋರ್ಕಿನಿಂದ ಕಲಕಿ ಕಾಲು ಗಂಟೆ ಬಿಡಿ. ಉಪ್ಪು ಮೊದಲೇ ಬಿದ್ದರೆ ಮೊಟ್ಟೆ ನೀರಾಗುತ್ತದೆ ಎಂದು ಗಾರ್ಡನ್ ರಾಮ್ಸೆ ಕೊನೆಯಲ್ಲಿ ಹಾಕುತ್ತಾರೆ. ಅಮೆರಿಕದ ಜೆ. ಕೆಂಜಿ ಲೋಪೆಜ್-ಆಲ್ಟ್ ಪರೀಕ್ಷೆ ಮಾಡಿ ನೋಡಿ ಇದಕ್ಕೆ ತದ್ವಿರುದ್ಧ ಹೇಳಿದ್ದಾರೆ: ಮೊದಲೇ ಬಿದ್ದ ಉಪ್ಪು ಪ್ರೋಟೀನಿನ ಬಿಗಿತ ತಗ್ಗಿಸಿ ತೇವ ಉಳಿಸುತ್ತದೆ. ನನ್ನ ಮತ ಕೆಂಜಿಯವರಿಗೆ. ಚೀಸಿನಲ್ಲೂ ಹಳದಿ ಪೊಟ್ಟಣದ ಬೆಣ್ಣೆಯಲ್ಲೂ ಉಪ್ಪಿದೆ ಎಂಬುದು ನೆನಪಿರಲಿ. ಮನೆಯಲ್ಲಿ ಕಡೆದ ಬೆಣ್ಣೆಯಾದರೆ ಚಿಂತೆಯಿಲ್ಲ, ಅದರ ನಸು ಹುಳಿ ಇಲ್ಲಿ ಸೊಗಸು.

ಸಣ್ಣ ನಾನ್‌ಸ್ಟಿಕ್ ಬಾಣಲೆಯಲ್ಲಿ 15 ಗ್ರಾಂ ಬೆಣ್ಣೆ ನೊರೆಯೇಳುವ ಮೊದಲೇ ಮೊಟ್ಟೆ ಸುರಿಯಿರಿ. ನಮ್ಮ ಗ್ಯಾಸ್ ಒಲೆಯ ಸಿಮ್ ಕೂಡ ಮೂರು ಮೊಟ್ಟೆಗೆ ಜಾಸ್ತಿಯೇ. ಆದ್ದರಿಂದ ಬಾಣಲೆಯನ್ನು ಆಗಾಗ ಎತ್ತಿ ಹಿಡಿದು, ತಳ ಅಂಚು ಬಿಡದೆ ತಿರುವುತ್ತಿರಿ. ಮೊದಲೆರಡು ನಿಮಿಷ ಏನೂ ಆಗುವುದಿಲ್ಲ, ಆಮೇಲೆ ಎಲ್ಲವೂ ಒಟ್ಟಿಗೇ ಆಗುತ್ತದೆ. ಗಂಜಿಯಷ್ಟು ಮಂದವಾಗಿ, ಇನ್ನೂ ಹೊಳಪು ಇರುವಾಗ ಒಲೆ ಆರಿಸಿ. ಚೀಸ್, ಮತ್ತೊಂದು ತುಣುಕು ತಣ್ಣನೆಯ ಬೆಣ್ಣೆ, ಒರಟಾಗಿ ಕುಟ್ಟಿದ ಮಲೆನಾಡಿನ ಕಾಳುಮೆಣಸು. ಬೇಕಿದ್ದರೆ ಸಣ್ಣಗೆ ಹೆಚ್ಚಿದ ಈರುಳ್ಳಿ ಸೊಪ್ಪು. ಕೊತ್ತಂಬರಿ ಹಾಕಿದಿರೋ, ಬುರ್ಜಿಯ ಊರಿಗೆ ಹೋದಿರಿ.

ಬಸುರಿಯರಿಗೆ, ಪುಟ್ಟ ಮಕ್ಕಳಿಗೆ, ಮೈಯಲ್ಲಿ ಸೋಂಕು ತಡೆಯುವ ಶಕ್ತಿ ಕುಂದಿದವರಿಗೆ ಮಾತ್ರ ಇಷ್ಟು ಹಸಿಯಾಗಿ ಕೊಡಬೇಡಿ. ಅವರಿಗೆ 71 ಡಿಗ್ರಿ ದಾಟಿಸಿ, ಹರಿಯುವ ಭಾಗ ಉಳಿಯದಂತೆ ಬೇಯಿಸಿ.

ಹೋಟೆಲಿನ ಬಫೆಯಲ್ಲಿ ಮುಚ್ಚಳದ ಕೆಳಗೆ ಕಾಯುತ್ತಾ ಕೂತ ಸ್ಕ್ರ್ಯಾಂಬಲ್ಡ್ ಎಗ್ ಕಡೆಗೆ ನಾನು ತಿರುಗಿಯೂ ನೋಡುವುದಿಲ್ಲ. ಬಹಳ ಹೊತ್ತು ಬಿಸಿಯಲ್ಲಿದ್ದರೆ ಹಳದಿಯ ಕಬ್ಬಿಣವೂ ಬಿಳಿಯ ಗಂಧಕವೂ ಕೂಡಿ ಹಸಿರು ಛಾಯೆ ಬರುತ್ತದೆ. ಪಕ್ಕದಲ್ಲಿ ಆಮ್ಲೆಟ್ ಹಾಕಿಕೊಡುವವರು ಇರುತ್ತಾರಲ್ಲ, ಎರಡು ಒಳ್ಳೆಯ ಮಾತಾಡಿ ಕೇಳಿದರೆ ಅವರೇ ಬಿಸಿಬಿಸಿಯಾಗಿ ಮಾಡಿಕೊಡುತ್ತಾರೆ.

ಜೊತೆಗೆ ಬ್ರೆಡ್. ಸಿಹಿ ಮಿಲ್ಕ್ ಬ್ರೆಡ್ ಬೇಡ. ಹುಳಿ ಹುದುಗಿನ ದಪ್ಪ ಹೋಳನ್ನು ಗರಿಗರಿಯಾಗಿ ಸುಟ್ಟುಕೊಳ್ಳಿ. ಕೊಡಗಿನ ಅಕ್ಕಿ ಒಟ್ಟಿಯೂ ಚೆನ್ನ, ತನ್ನ ರುಚಿಯನ್ನು ಮುಂದೆ ಮಾಡದೆ ಮೊಟ್ಟೆಯನ್ನು ಹೊರುತ್ತದೆ. ತಟ್ಟೆಯನ್ನು ಬಿಸಿನೀರಿನಲ್ಲಿ ತೊಳೆದು ಒರೆಸಿ ಇಟ್ಟಿರಿ, ತಣ್ಣನೆಯ ಪಿಂಗಾಣಿಗೆ ಬಿದ್ದರೆ ಚೀಸ್ ಅಲ್ಲೇ ಬಿಗಿಯುತ್ತದೆ. ಬಾಣಲೆಗೆ ಮಾತ್ರ ಬಿಸಿನೀರು ತಾಗಿಸಬೇಡಿ. ಅಂಟಿಕೊಂಡ ಮೊಟ್ಟೆ ಅಲ್ಲೇ ಬೆಂದು ಕಚ್ಚಿಕೊಳ್ಳುತ್ತದೆ. ತಣ್ಣೀರು ತುಂಬಿಸಿಟ್ಟು ತಿಂಡಿಗೆ ಕೂತರೆ, ಎದ್ದು ಬರುವಷ್ಟರಲ್ಲಿ ತಾನಾಗಿ ಬಿಟ್ಟಿರುತ್ತದೆ.