ಸಿಳ್ಳಾರಕ್ಕೆ ಕೋಗಿಲೆಯ ವೇಷ ಬೇಡ

ಥಾಮಸ್ ಹಾರ್ಡಿಯ ‘ದಿ ಡಾರ್ಕ್‌ಲಿಂಗ್ ಥ್ರಷ್’ ಕವಿತೆಯನ್ನು ಕನ್ನಡಕ್ಕೆ ತರಲು ಕೂತವರಿಗೆ ಶೀರ್ಷಿಕೆಯಲ್ಲೇ ತೊಡಕು. ಥ್ರಷ್‌ಗೆ ಏನೆನ್ನಬೇಕು? ಸುಲಭವಾಗಿ ಕೈಗೆ ಸಿಗುವ ಪದ ಕೋಗಿಲೆ. ಆ ಪದ ಬಂದರೆ ಕವಿತೆಯೇ ಕೆಡುತ್ತದೆ ಎಂಬುದು ನನ್ನ ವಾದ.

1900ರ ಡಿಸೆಂಬರಿನಲ್ಲಿ ಪ್ರಕಟವಾದ ಈ ಕವಿತೆಯಲ್ಲಿ ಒಂದು ಶತಮಾನ ಹೆಣವಾಗಿ ಮಲಗಿದೆ. ಸುತ್ತ ಹಿಮ, ಬೋಳು ಗಿಡಗಳು. ಅಂಥ ಸಂಜೆಯಲ್ಲಿ ವಯಸ್ಸಾದ ಬಡಕಲು ಹಕ್ಕಿಯೊಂದು ಹಾಡುತ್ತದೆ. ಹಾಡಲು ಅದಕ್ಕೆ ಕಾರಣವೇ ಇಲ್ಲ; ಕಾರಣವಿಲ್ಲದ ಆ ಹಾಡೇ ಕವಿತೆಯ ಜೀವ.

ನಮ್ಮ ಕಾವ್ಯದ ಕೋಗಿಲೆ ಹಾಗಲ್ಲ. ಅದು ಹಾಡಬೇಕಾದರೆ ವಸಂತ ಬರಬೇಕು, ಮಾವು ಚಿಗುರಬೇಕು. ಹಾನಗಲ್ಲಿನಿಂದ ಹೆಚ್ಚು ದೂರವಿಲ್ಲದ ಬನವಾಸಿಯಲ್ಲಿ ಕೋಗಿಲೆಯಾಗಿಯಾದರೂ ಹುಟ್ಟಬೇಕೆಂಬ ಬಯಕೆಯನ್ನು 10ನೆಯ ಶತಮಾನದ ಪಂಪ ಹಾಡಿದ ಮೇಲೆ, ಆ ಹಕ್ಕಿಗೆ ತಾಯ್ನೆಲದ ಸುಖವೂ ಅಂಟಿಕೊಂಡಿತು. ಹಾರ್ಡಿಯ ಚಳಿಯಲ್ಲಿ ಅದನ್ನು ಕೂರಿಸಿದೊಡನೆ ವಸಂತ ಒಳನುಗ್ಗುತ್ತದೆ. ಕವಿತೆ ಕೇಳುವ ಮುನ್ನವೇ ಉತ್ತರ ಸಿಕ್ಕಿಬಿಡುತ್ತದೆ.

ನಮ್ಮಲ್ಲಿ ಥ್ರಷ್‌ಗೆ ಹತ್ತಿರದ ಹೆಸರು ಸಿಳ್ಳಾರ. ಪಶ್ಚಿಮ ಘಟ್ಟದ ಕಾಡುಹಳ್ಳಗಳ ನೆರಳಿನಲ್ಲಿ ಬಾಳುವ ಇದು ಕಪ್ಪೆನ್ನಬಹುದಾದಷ್ಟು ಕಡುನೀಲಿ. ಹಣೆ, ಹೆಗಲ ಮೇಲೆ ಮಾತ್ರ ಹೊಳೆವ ನೀಲಿ. ಬೆಳಕು ಹರಿಯುವ ಮುನ್ನ ಥೇಟ್ ಮನುಷ್ಯರ ಹಾಗೆ ಶಿಳ್ಳೆ ಹಾಕುತ್ತದೆ. ಇಂಗ್ಲಿಷಿನಲ್ಲಿ ಅದರ ಅಡ್ಡಹೆಸರು ‘ಶಿಳ್ಳೆ ಹಾಕುವ ಶಾಲಾಹುಡುಗ’. ವಿಜ್ಞಾನಿಗಳು ಇದನ್ನೀಗ ಥ್ರಷ್ ಕುಟುಂಬದಿಂದ ಬೇರ್ಪಡಿಸಿದ್ದಾರೆ, ನಿಜ. ಇದರ ಹಾಡು ಏರುವುದು ಮಳೆಗಾಲದಲ್ಲಿ; ಹಾರ್ಡಿಯ ಚಳಿ ಇಲ್ಲಿಲ್ಲ. ಆದರೂ ಕತ್ತಲಲ್ಲಿ ಹಾಡುವ ಗುಣ ಉಳಿಯುತ್ತದೆ, ಹೆಸರಿನ ಹಿಂದೆ ವಸಂತದ ಮೆರವಣಿಗೆ ಬರುವುದಿಲ್ಲ. ಅನುವಾದಕ್ಕೆ ಅಷ್ಟು ಸಾಕು.

ಹಾನಗಲ್ಲ, ಹಿರೇಕೆರೂರಿನವರಿಗೆ ಮಲೆನಾಡು ಮಗ್ಗುಲಲ್ಲಿದೆ. ಶಿಗ್ಗಾವಿ, ಸವಣೂರಿನ ಬಯಲಿನ ವಿದ್ಯಾರ್ಥಿಗೆ ಸಿಳ್ಳಾರ ಗೊತ್ತಿರದಿದ್ದರೆ? ಎಂದು ಕೇಳಬಹುದು. ಇಂಗ್ಲಿಷ್ ಕಲಿಸುತ್ತ ಕನ್ನಡದಲ್ಲಿ ಕವಿತೆ ಬರೆದ ವಿ. ಕೃ. ಗೋಕಾಕರು 1909ರಲ್ಲಿ ಹುಟ್ಟಿದ್ದು ಅದೇ ಸವಣೂರಿನಲ್ಲಿ. ಕಾಣದ ಹಕ್ಕಿಗಳನ್ನು ಪುಸ್ತಕದಲ್ಲಿ ಕೇಳಿಸಿಕೊಳ್ಳುವುದು ಆ ನೆಲಕ್ಕೆ ಹೊಸದೇನಲ್ಲ. ಗೊತ್ತಿಲ್ಲದ ಹೆಸರು ಓದುಗನನ್ನು ಒಂದು ಕ್ಷಣ ತಡೆದು ನಿಲ್ಲಿಸುತ್ತದೆ. ಕವಿತೆಯೊಳಗಿನ ಮನುಷ್ಯನೂ ನಿಂತೇ ಇದ್ದಾನೆ: ತನಗೆ ತಿಳಿಯದ ಯಾವ ಭರವಸೆ ಈ ಹಕ್ಕಿಗೆ ತಿಳಿದಿದೆ ಎಂದು. ಕೋಗಿಲೆ ಎಂದರೆ ಓದುಗ ನಿಲ್ಲುವುದಿಲ್ಲ. ತಲೆದೂಗಿ ಮುಂದೆ ಹೋಗುತ್ತಾನೆ.