ಹೆಸರಿಲ್ಲದ ಗಿಟಾರ್: ಕನ್ನಡ ಚಿತ್ರಗೀತೆಯಲ್ಲಿ ಇಳಯರಾಜಾ ಅವರ ತೆರೆಮರೆಯ ವರ್ಷಗಳು

ಇಳಯರಾಜಾ ಎಂದೊಡನೆ ನಮ್ಮವರಿಗೆ ನೆನಪಾಗುವುದು ‘ಜನ್ಮ ಜನ್ಮದ ಅನುಬಂಧ’ (1980), ‘ಗೀತಾ’ (1981), ‘ಪಲ್ಲವಿ ಅನುಪಲ್ಲವಿ’ (1983). ತಮಿಳಿನಲ್ಲಿ ಹೆಸರು ಮಾಡಿದವರು ಆಮೇಲೆ ಕನ್ನಡಕ್ಕೆ ಬಂದರು ಎಂಬುದು ರೂಢಿಯ ಮಾತು. ಈ ಮಾತು ಅರ್ಧ ಸತ್ಯ ಎಂಬುದು ನನ್ನ ವಾದ. ಅವರು ಕನ್ನಡಕ್ಕೆ ಮೊದಲೇ ಬಂದಿದ್ದರು, ಗಿಟಾರ್ ಹಿಡಿದು.

1968ರ ಹೊತ್ತಿಗೆ ಮದ್ರಾಸು ಸೇರಿದ್ದ ಅವರು ಧನರಾಜ್ ಮಾಸ್ಟರ್ ಬಳಿ ಪಾಶ್ಚಾತ್ಯ ಸಂಗೀತವನ್ನೂ ಸ್ವರಲಿಪಿಯನ್ನೂ ಕಲಿತರು. ಜೀವನೋಪಾಯಕ್ಕೆ ರೆಕಾರ್ಡಿಂಗ್‌ಗಳಲ್ಲಿ ಗಿಟಾರ್, ಆರ್ಗನ್ ನುಡಿಸಿದರು. ಸಲಿಲ್ ಚೌಧರಿ ಅವರಿಗೂ ನುಡಿಸಿದರು. ಬಳಿಕ ನಮ್ಮ ಜಿ.ಕೆ. ವೆಂಕಟೇಶ್ ಅವರ ಸಹಾಯಕರಾದರು. ಆ ಅವಧಿಯಲ್ಲಿ ಅವರು ದುಡಿದ ಚಿತ್ರಗಳು ಸುಮಾರು 200, ಬಹುಪಾಲು ಕನ್ನಡದವು ಎಂದು ಹೇಳಲಾಗುತ್ತದೆ. ಅವರ ಹೆಸರು ಮನೆಮಾತಾದ ‘ಅನ್ನಕ್ಕಿಳಿ’ ಬಂದದ್ದು 1976ರಲ್ಲಿ.

ಆಗ ಕನ್ನಡದ ಹಾಡುಗಳೂ ಹೆಚ್ಚಾಗಿ ಮದ್ರಾಸಿನಲ್ಲೇ ರೆಕಾರ್ಡ್ ಆಗುತ್ತಿದ್ದವು. ಗಾಯಕರು, ಪಿಟೀಲು, ತಬಲಾ, ಗಿಟಾರ್ ಎಲ್ಲ ಒಟ್ಟಿಗೆ. ಒಬ್ಬರು ತಪ್ಪಿದರೆ ಎಲ್ಲರೂ ಮೊದಲಿಂದ. ವೆಂಕಟೇಶ್ ರಾಗದ ರೂಪ ಕೊಟ್ಟರೆ, ಯಾವ ವಾದ್ಯ ಎಲ್ಲಿ ಏನು ನುಡಿಸಬೇಕೆಂದು ಬರೆಯುವ ಕೆಲಸ ಸಹಾಯಕರದು. ಸಂಗೀತ ನಿರ್ದೇಶನದ ನಿಜವಾದ ಪಾಠಶಾಲೆ ಅದೇ.

ಆ ಪಾಠದ ಫಲವನ್ನು ಕಿವಿಯಿಂದಲೇ ಅಳೆಯಬಹುದು. ವೆಂಕಟೇಶ್ ಅವರ ‘ಕಸ್ತೂರಿ ನಿವಾಸ’ (1971), ‘ಬಂಗಾರದ ಮನುಷ್ಯ’ (1972) ಚಿತ್ರಗಳಲ್ಲಿ ಹಾಡಿನ ಧಾಟಿಯೇ ಯಜಮಾನ, ವಾದ್ಯಗಳು ಅದರ ಬೆಂಬಲಕ್ಕೆ. ಶಂಕರ್ ನಾಗ್ ಅವರ ‘ಗೀತಾ’ಕ್ಕೆ ಬನ್ನಿ: ಗಿಟಾರ್ ಮುಂದಕ್ಕೆ ಬರುತ್ತದೆ, ಬೇಸ್ ಗಿಟಾರ್ ಗಾಯಕರನ್ನು ಹಿಂಬಾಲಿಸದೆ ತನ್ನದೇ ಇನ್ನೊಂದು ಧಾಟಿ ಕಟ್ಟುತ್ತದೆ. ಹಿಂದಿನ ಸಾಲಿನಲ್ಲಿ ಕೂತು ನುಡಿಸಿದವರಿಗಷ್ಟೇ ಆ ಸಾಲಿನ ವಾದ್ಯಕ್ಕೆ ಇಂಥ ಮಾತು ಕೊಡಲು ತೋಚುತ್ತದೆ.

ಆದರೆ ಇಲ್ಲೊಂದು ತೊಡಕಿದೆ. ಇಳಯರಾಜಾ ಎದ್ದುಹೋದ ಕುರ್ಚಿಯಲ್ಲಿ ಬೇರೆಯವರು ಕೂತರು. ಗಿಟಾರ್‌ನ ಸದಾನಂದಂ, ಬೇಸ್ ಗಿಟಾರ್‌ನ ಶಶಿಧರನ್ ಅವರ ವಾದ್ಯವೃಂದದಲ್ಲಿ ವರ್ಷಗಟ್ಟಲೆ ನುಡಿಸಿದರು. ಎಸ್‌ಪಿಬಿ, ಜಾನಕಿ ಅವರ ಹೆಸರು ಹೇಳುವ ನಾವೆಷ್ಟು ಜನ ಈ ಹೆಸರುಗಳನ್ನು ಬಲ್ಲೆವು? ವಾದಕರ ಹೆಸರು ಟೈಟಲ್ ಕಾರ್ಡಿನಲ್ಲಿ ಬರುತ್ತಿದ್ದುದು ಅಪರೂಪ. ಸಂಗೀತ ನಿರ್ದೇಶಕನಾದವನ ಗಿಟಾರ್ ಚರಿತ್ರೆಯಾಯಿತು. ಗಿಟಾರ್ ವಾದಕನಾಗಿಯೇ ಉಳಿದವನದು ಬರೀ ಹಿನ್ನೆಲೆಯಾಯಿತು. ನಮ್ಮ ಚಿತ್ರಗೀತೆಯ ವಿಮರ್ಶೆ ಕವಿ, ಗಾಯಕ, ನಿರ್ದೇಶಕ ಈ ಮೂವರಲ್ಲೇ ನಿಂತುಬಿಟ್ಟದ್ದರ ಫಲ ಇದು.

ಇಲ್ಲಿ ಫಾರೆಸ್ಟ್ ಲೇಕ್‌ನಲ್ಲಿ ನಮ್ಮ ಮಕ್ಕಳು ಗಿಟಾರ್ ಕಲಿಯುತ್ತಿದ್ದಾರೆ. ಕನ್ನಡದ ಪದಗಳು ಅವರ ನಾಲಿಗೆಗೆ ಕಷ್ಟವಾದರೂ ‘ಗೀತಾ’ದ ಗಿಟಾರ್ ಬೆರಳಿಗೆ ಸಲೀಸು. ಭಾಷೆಗೆ ಅದೂ ಒಂದು ಬಾಗಿಲು. ಮುಂದಿನ ರಾಜ್ಯೋತ್ಸವದಲ್ಲಿ ಹಾಡಿದವರ ಹೆಸರಿನ ಜೊತೆಗೆ ನುಡಿಸಿದವರ ಹೆಸರನ್ನೂ ಕರಪತ್ರದಲ್ಲಿ ಅಚ್ಚು ಹಾಕಿಸೋಣ. ಖರ್ಚು ಒಂದು ಸಾಲು ಮಾತ್ರ.